ನಂದಿ ಬೆಟ್ಟದ ದ್ರಾಕ್ಷಿ ತೋಟಕ್ಕೆ ಹೋಗಿ ಬಂದೆವು

ರಾಗಿ ಕಣ ಮುಗಿದು, ಹುಣಸೆ ಬಡಿಯುವ ಕೆಲಸ ಇನ್ನೂ ಜೋರಾಗದ ಹೊತ್ತು. ತಪಸ್ಸುಕಾಲಕ್ಕೆ ಎರಡು ವಾರ ಬಾಕಿ ಇತ್ತು. ಅಂಥ ಒಂದು ಶನಿವಾರ ನಾಟ್ರಾಂಪಾಳ್ಯದಿಂದ ನಾವು ಮೂವತ್ತೊಂದು ಜನ ಬಸ್ಸು ಮಾಡಿಕೊಂಡು ನಂದಿ ಬೆಟ್ಟದ ಕಡೆಗೆ ಹೋಗಿ ಅದೇ ರಾತ್ರಿ ಹಿಂದಿರುಗಿದೆವು. ಬೆಂಗಳೂರಿನಲ್ಲಿ ಕೆಲಸಕ್ಕಿರುವ ನಮ್ಮ ಊರಿನ ಹುಡುಗರು ಕೊಟ್ಟ ಸಲಹೆ ಇದು. ಬೆಳಿಗ್ಗೆ ಕೋಟೆ, ಆಮೇಲೆ ಹಳೆಯ ಗುಡಿ, ಬೆಟ್ಟ, ಮಧ್ಯಾಹ್ನದ ಮೇಲೆ ದ್ರಾಕ್ಷಿ ತೋಟ ಮತ್ತು ವೈನ್ ರುಚಿ ನೋಡುವುದು, ಹೀಗೆ ಒಂದೇ ದಿನದಲ್ಲಿ ಎಲ್ಲವನ್ನೂ ತೋರಿಸುವ ಪ್ರವಾಸಗಳು ಈಗ ಬೆಂಗಳೂರಿನಿಂದ ಬಹಳ ನಡೆಯುತ್ತವಂತೆ. ವಿವರಿಸಿ ಹೇಳಲು ಒಬ್ಬ ಮಾರ್ಗದರ್ಶಿಯೂ ಜೊತೆಗಿರುತ್ತಾನೆ.

ವೈನ್ ಎಂಬ ಮಾತು ಕಿವಿಗೆ ಬಿದ್ದೊಡನೆ ಊರಿನಲ್ಲಿ ಗುಸುಗುಸು ಎದ್ದಿತು. "ಕುಡಿತ ಬಿಡಿ ಅಂತ ಪ್ರಸಂಗ ಮಾಡೋ ಸ್ವಾಮಿಗಳೇ ವೈನ್ ಕುಡಿಸೋಕೆ ಬಸ್ ಮಾಡ್ತಾರಂತೆ" ಎಂದು ಒಬ್ಬ ಹಿರಿಯರು ನೇರವಾಗಿಯೇ ಕೇಳಿದರು. ಅವರ ಮಾತಿನಲ್ಲಿ ತಪ್ಪಿರಲಿಲ್ಲ. ಆದರೆ ನಮ್ಮ ರೈತರು ಕೆಲವರು ಎರಡು ವರ್ಷದಿಂದ ದ್ರಾಕ್ಷಿ ಹಾಕಬಹುದೇ ಎಂದು ವಿಚಾರಿಸುತ್ತಿದ್ದರು. ಬೆಳೆಯನ್ನು ಕಣ್ಣಾರೆ ನೋಡದೆ ಸಾಲ ಮಾಡುವುದಕ್ಕಿಂತ ಒಂದು ದಿನ ಹೋಗಿ ನೋಡಿ ಬರುವುದು ಲೇಸು ಎಂದು ಹೊರಟೆವು. ಆ ಹಿರಿಯರೂ ಬಂದರು.

ಬೆಳಗಿನ ಜಾವ ಮೂರೂವರೆಗೆ ಬಸ್ಸು ಹೊರಟಿತು. ಅಂಚೆಟ್ಟಿ ದಾಟಿದ ಮೇಲೆ ಕಾಡಿನ ತಿರುವುಗಳಲ್ಲಿ ಎರಡು ಕಡೆ ಹಸಿ ಲದ್ದಿ ಕಂಡು ಡ್ರೈವರ್ ದೀಪ ಹಾಕಿಕೊಂಡು ನಿಧಾನಕ್ಕೆ ಬಂದರು. ಆನೆ ಕಾಣಲಿಲ್ಲ. ಡೆಂಕಣಿಕೋಟೆ, ಹೊಸೂರು, ಬೆಂಗಳೂರು ದಾಟಿ ದೇವನಹಳ್ಳಿ ಸೇರುವಾಗ ಚೆನ್ನಾಗಿ ಬಿಸಿಲೇರಿತ್ತು.

ದೇವನಹಳ್ಳಿ ಕೋಟೆಯನ್ನು 1501ರಲ್ಲಿ ಮಲ್ಲಬೈರೇಗೌಡ ಮಣ್ಣಿನಲ್ಲಿ ಕಟ್ಟಿಸಿದನು. ಮುಂದೆ ಹೈದರಾಲಿಯ ಕಾಲದಲ್ಲಿ ಅದು ಕಲ್ಲಿನ ಕೋಟೆಯಾಯಿತು. ಟಿಪ್ಪು ಹುಟ್ಟಿದ್ದು ಇಲ್ಲಿಯೇ. 1791ರಲ್ಲಿ ಕಾರ್ನ್‌ವಾಲಿಸ್ ಇದನ್ನು ಹಿಡಿದುಕೊಂಡನು. ಮಾರ್ಗದರ್ಶಿ ಹುಡುಗ ಇದನ್ನೆಲ್ಲ ಚೆನ್ನಾಗಿ ಹೇಳಿದ. ಮಂಗಳೂರಿನ ಕ್ರೈಸ್ತರು ಟಿಪ್ಪುವಿನ ಸೆರೆಯಲ್ಲಿ ಪಟ್ಟ ಪಾಡನ್ನು ಯಾರೋ ಎತ್ತಿದರು, ಅದಕ್ಕೂ ಅವನು ಸಮಾಧಾನದಿಂದಲೇ ಉತ್ತರ ಕೊಟ್ಟ. ಆದರೆ ನಮ್ಮವರ ಕಣ್ಣು ಬುರುಜಿನ ಮೇಲೆ ನಿಲ್ಲಲಿಲ್ಲ. ಕೋಟೆಯ ಹೊರಗೆ ಒಬ್ಬ ಹೆಂಗಸು ಗುಡ್ಡೆ ಹಾಕಿಕೊಂಡಿದ್ದ ಚಕ್ಕೋತ ಹಣ್ಣಿನ ಮೇಲೆ ನಿಂತಿತು. ದೇವನಹಳ್ಳಿ ಚಕ್ಕೋತಕ್ಕೆ ಭೌಗೋಳಿಕ ಗುರುತಿನ ಮಾನ್ಯತೆ ಇದೆ. ಆದರೆ 2008ರಲ್ಲಿ ಅಲ್ಲಿ ವಿಮಾನ ನಿಲ್ದಾಣ ತೆರೆದ ಮೇಲೆ ನೆಲದ ಬೆಲೆ ಏರಿತು, ಹಣ್ಣಿನ ಗಿಡಗಳಿದ್ದ ಜಾಗ ಸೈಟುಗಳಾದವು. ಅದೇ ತಾಲ್ಲೂಕಿನ ಚನ್ನರಾಯಪಟ್ಟಣ ಹೋಬಳಿಯ ರೈತರು ತಮ್ಮ 1777 ಎಕರೆ ಬಿಟ್ಟುಕೊಡುವುದಿಲ್ಲವೆಂದು ಮೂರು ವರ್ಷಕ್ಕೂ ಮೀರಿ ಧರಣಿ ಕೂತರು. 2025ರ ಜುಲೈನಲ್ಲಿ ಸರ್ಕಾರ ಆ ಭೂಸ್ವಾಧೀನವನ್ನು ಕೈಬಿಡುವುದಾಗಿ ಹೇಳಿತು. ಈ ಕಥೆಯನ್ನು ಹಣ್ಣು ಮಾರುವ ಹೆಂಗಸೇ ನಮಗೆ ಹೇಳಿದರು. ಕೋಟೆಯ ಕಥೆಗಿಂತ ಇದನ್ನು ನಮ್ಮವರು ಹೆಚ್ಚು ಗಮನವಿಟ್ಟು ಕೇಳಿದರು.

ಅಲ್ಲಿಂದ ನಂದಿ ಗ್ರಾಮದ ಭೋಗನಂದೀಶ್ವರ ಗುಡಿ. 9ನೇ ಶತಮಾನದಷ್ಟು ಹಳೆಯದು. ಬಾಣರು, ಚೋಳರು, ಹೊಯ್ಸಳರು, ವಿಜಯನಗರದವರು ಒಬ್ಬರ ಕೆಲಸದ ಮೇಲೆ ಒಬ್ಬರು ಸೇರಿಸುತ್ತಾ ಹೋಗಿದ್ದಾರೆ. ಚಪ್ಪಲಿ ಬಿಟ್ಟು ಒಳಗೆ ಹೋಗಿ ಕಂಬಗಳ ಕೆತ್ತನೆಯನ್ನು ನೋಡಿದೆವು. ನಮ್ಮವರಲ್ಲಿ ಕಲ್ಲು ಕೆಲಸ ಬಲ್ಲ ಒಬ್ಬರು ಒಂದೊಂದು ಕಂಬವನ್ನೂ ತಟ್ಟಿ ತಟ್ಟಿ ನೋಡುತ್ತಾ ಹಿಂದೆಯೇ ಉಳಿದರು. ಗುಡಿಯ ಕಲ್ಯಾಣಿಯಲ್ಲಿ ಮೆಟ್ಟಿಲು ಮೆಟ್ಟಿಲಾಗಿ ಇಳಿದು ಹೋದರೆ ನೀರು. ಅದೇ ಗುಡಿಯ ಆಚೆಗಿನ ಹೊಲಗಳಲ್ಲಿ ಕೊಳವೆ ಬಾವಿಗಳು ಸಾವಿರ ಅಡಿ ದಾಟಿವೆ.

ಬೆಟ್ಟದ ಮೇಲೆ ಕೋತಿಗಳು ನಮ್ಮ ಚಿತ್ರಾನ್ನದ ಎರಡು ಪೊಟ್ಟಣ ಕಿತ್ತುಕೊಂಡು ಹೋದವು. ಉಳಿದದ್ದನ್ನು ಹಂಚಿಕೊಂಡು ತಿಂದು, ಟಿಪ್ಪು ಡ್ರಾಪ್ ಎನ್ನುವ ಕಡಿದಾದ ಬಂಡೆಯನ್ನು ದೂರದಿಂದ ನೋಡಿದೆವು. ಬೆಟ್ಟದ ಎತ್ತರ 1478 ಮೀಟರ್. ಇದರ ಸುತ್ತಿನಲ್ಲಿ ಹುಟ್ಟುವ ಹೊಳೆಗಳ ಹೆಸರನ್ನು ಮಾರ್ಗದರ್ಶಿ ಒಂದೊಂದಾಗಿ ಹೇಳಿದಾಗ ನಮ್ಮವರು ಕಿವಿ ನಿಮಿರಿಸಿದರು. ಅಲ್ಲಿಯ ದಕ್ಷಿಣ ಪಿನಾಕಿನಿಯೇ ಹೊಸೂರಿನ ಕೆಲವರಪಳ್ಳಿ ಅಣೆಕಟ್ಟಿಗೆ, ಆಮೇಲೆ ಕೃಷ್ಣಗಿರಿ ಅಣೆಕಟ್ಟಿಗೆ ಬರುವ ತೆನ್‌ಪೆಣ್ಣೈ. ಅಲ್ಲಿಯ ಅರ್ಕಾವತಿ ಕನಕಪುರದ ಆಚೆ ಸಂಗಮದಲ್ಲಿ ಕಾವೇರಿಯನ್ನು ಸೇರಿ, ಮೇಕೆದಾಟು ದಾಟಿ, ನಮ್ಮ ರಾಶಿಮಣಲ್ ಮತ್ತು ಬಿಳಿಗುಂಡ್ಲುವಿಗೆ ಬರುತ್ತದೆ. ತಮಿಳುನಾಡಿಗೆ ವರ್ಷಕ್ಕೆ 177.25 ಟಿಎಂಸಿ ಅಡಿ ನೀರು ಬಂತೇ ಇಲ್ಲವೇ ಎಂದು ಅಳೆಯುವ ಬಿಳಿಗುಂಡ್ಲು ನಮ್ಮ ನೆರೆಯ ಊರೇ ಅಲ್ಲವೇ. ಅಷ್ಟು ದೂರ ಬಂದು ನಮ್ಮ ಊರಿನ ನೀರಿನ ತವರನ್ನೇ ನೋಡಿದಂತಾಯಿತು ಎಂದರು ಒಬ್ಬ ತಾಯಿ. ಆದರೆ ಆ ತವರು ಒಣಗಿದೆ. ಮೇಲಿನ ಹಳ್ಳ ಕೆರೆಗಳು ಬತ್ತಿ, ಕೆಳಗೆ ಬರುವಷ್ಟರಲ್ಲಿ ಬೆಂಗಳೂರಿನ ಕೊಳಚೆ ಸೇರಿ, ಕೆಲವರಪಳ್ಳಿಯಲ್ಲಿ ನೊರೆ ಏಳುವುದನ್ನು ನಮ್ಮವರು ಅನೇಕರು ಕಂಡಿದ್ದಾರೆ.

ಇದಕ್ಕೆ ಒಂದು ಕಾರಣ ಬಸ್ಸಿನ ಕಿಟಕಿಯಿಂದಲೇ ಕಾಣುತ್ತಿತ್ತು. ಆಸ್ಟ್ರೇಲಿಯಾದ ನೀಲಗಿರಿ ಮರವನ್ನು ನಮ್ಮ ದೇಶದಲ್ಲಿ ಮೊದಲು ನೆಟ್ಟದ್ದು ಟಿಪ್ಪುವಿನ ಕಾಲದಲ್ಲಿ ಈ ನಂದಿ ಬೆಟ್ಟದಲ್ಲೇ ಎನ್ನುತ್ತಾರೆ. ಮುಂದೆ ಕೋಲಾರ, ಬೆಂಗಳೂರು ಗ್ರಾಮಾಂತರದ ಹೊಲಹೊಲಗಳಿಗೆ ಅದು ಹಬ್ಬಿ ನೆಲದ ತೇವವನ್ನು ಹೀರಿತು. 2017ರಲ್ಲಿ ಕರ್ನಾಟಕ ಸರ್ಕಾರ ಹೊಸದಾಗಿ ನೀಲಗಿರಿ ನೆಡುವುದನ್ನು ನಿಷೇಧಿಸಿತು. ಕೂಲಿ ಆಳು ಸಿಗುವುದಿಲ್ಲವೆಂದು ರಾಗಿ ಹೊಲಕ್ಕೆ ನೀಲಗಿರಿ ಹಾಕುವ ಯೋಚನೆ ಇರುವವರು ಒಮ್ಮೆ ಆ ಕಡೆ ಹೋಗಿ ಬಾವಿಗಳನ್ನು ಇಣುಕಿ ನೋಡಿ ಬರಬಹುದು.

ಈಗ ದ್ರಾಕ್ಷಿಯ ವಿಷಯಕ್ಕೆ ಬರೋಣ. ನಂದಿ, ದೇವನಹಳ್ಳಿ, ದೊಡ್ಡಬಳ್ಳಾಪುರ ಸೀಮೆಯಲ್ಲಿ ಸುಮಾರು ನೂರೈವತ್ತು ವರ್ಷದಿಂದ ಬೆಳೆಯುತ್ತಿರುವುದು ಬೆಂಗಳೂರು ಬ್ಲೂ ಎಂಬ ಕಪ್ಪು ದ್ರಾಕ್ಷಿ. ದಪ್ಪ ಸಿಪ್ಪೆ, ಬೀಜ, ಗಮಗಮಿಸುವ ವಾಸನೆ, ಹುಳಿಸಿಹಿ ರುಚಿ. ರೋಗ ತಡೆಯುವ ಶಕ್ತಿ ಇದಕ್ಕೆ ಉಳಿದವಕ್ಕಿಂತ ಹೆಚ್ಚು. ಚಪ್ಪರದ ಮೇಲೆ ಹಬ್ಬಿಸಿ ವರ್ಷಕ್ಕೆ ಎರಡು ಬೆಳೆ ತೆಗೆಯುತ್ತಾರೆ. ಹಣ್ಣಿಗೂ ಸೈ, ರಸಕ್ಕೂ ಜಾಮಿಗೂ ಸೈ, ಸಿಹಿ ವೈನಿಗೂ ಸೈ. ನಾವು ನೋಡಹೋದ ತೋಟದಲ್ಲಿದ್ದದ್ದು ಇದಲ್ಲ. ಕನ್ವಲ್ ಗ್ರೋವರ್ ಎಂಬವರು ಫ್ರಾನ್ಸಿನಿಂದ ಬಳ್ಳಿ ತರಿಸಿ 1988ರಲ್ಲಿ ಶುರು ಮಾಡಿದ ತೋಟ ಅದು. ಈಗ ಗ್ರೋವರ್ ಜಂಪಾ ಎಂದು ಹೆಸರು. ಅಲ್ಲಿ ಕ್ಯಾಬರ್ನೆ ಸೋವಿನ್ಯೋಂ, ಶಿರಾಜ್ ಮೊದಲಾದ ವೈನ್ ಜಾತಿಗಳು. ಸಮುದ್ರ ಮಟ್ಟದಿಂದ ಸುಮಾರು 900 ಮೀಟರ್ ಎತ್ತರ, ಕೆಂಪು ಮಣ್ಣು, ಹಗಲು ಬಿಸಿಲು, ರಾತ್ರಿ ತಂಪು. ವೈನ್ ದ್ರಾಕ್ಷಿಗೆ ಬೇಕಾದದ್ದು ಇದೇ.

ಆ ಸಾಲುಗಳನ್ನು ನೋಡಿ ನಮ್ಮ ರೈತರಿಗೆ ಆಶ್ಚರ್ಯ. ಚಪ್ಪರವಿಲ್ಲ; ಕಂಬಕ್ಕೆ ತಂತಿ ಎಳೆದು ಬಳ್ಳಿಯನ್ನು ಬೇಲಿಯಂತೆ ನಿಲ್ಲಿಸಿದ್ದಾರೆ. ಗೊನೆ ಅಂಗೈಯಷ್ಟೇ, ಹಣ್ಣು ಬಟಾಣಿಗಿಂತ ಸ್ವಲ್ಪ ದಪ್ಪ. ಬಿಟ್ಟ ಗೊನೆಗಳಲ್ಲಿ ಕೆಲವನ್ನು ಎಳೆಯದರಲ್ಲೇ ಕಿತ್ತು ಬಿಸಾಡುತ್ತಾರಂತೆ. "ಕಾಯಿ ಕಿತ್ತು ಬಿಸಾಕೋ ಬೇಸಾಯ ಎಲ್ಲಾದ್ರೂ ಉಂಟಾ ಸ್ವಾಮಿ?" ಎಂದರು ನಮ್ಮ ಹಿರಿಯರು. ಕಾರಣ ಹೀಗೆ: ಬಳ್ಳಿಯಲ್ಲಿ ಗೊನೆ ಕಡಿಮೆಯಾದರೆ ಉಳಿದ ಹಣ್ಣಿನಲ್ಲಿ ಸಕ್ಕರೆ ಮತ್ತು ಬಣ್ಣ ಗಟ್ಟಿಯಾಗುತ್ತದೆ. ಒಂದು ಲೀಟರ್ ರಸದಲ್ಲಿರುವ ಸುಮಾರು 17 ಗ್ರಾಂ ಸಕ್ಕರೆಯನ್ನು ಈಸ್ಟ್ ತಿಂದರೆ ಶೇಕಡ 1ರಷ್ಟು ಮದ್ಯಸಾರವಾಗುತ್ತದೆ. ಹಾಗಾಗಿ ಶೇಕಡ 13ರ ವೈನಿಗೆ ಲೀಟರಿಗೆ 220 ಗ್ರಾಂನಷ್ಟು ಸಕ್ಕರೆ ಬೇಕು. ಬೆಲೆ ತೂಕಕ್ಕಷ್ಟೇ ಅಲ್ಲ, ಈ ಸಕ್ಕರೆಗೂ ಹೌದು.

ಕಟ್ಟಡದೊಳಗೆ ದೊಡ್ಡ ಉಕ್ಕಿನ ತೊಟ್ಟಿಗಳು, ಅವುಗಳ ಸುತ್ತ ತಣ್ಣೀರಿನ ಹೊದಿಕೆ. ಕೆಂಪು ವೈನಿಗೆ ಹಣ್ಣನ್ನು ಸಿಪ್ಪೆ ಸಮೇತ ಹುಳಿ ಬರಿಸುತ್ತಾರೆ. ಬಣ್ಣ ಬರುವುದು ಸಿಪ್ಪೆಯಿಂದ, ಒಗರು ಬರುವುದು ಸಿಪ್ಪೆ ಮತ್ತು ಬೀಜದಿಂದ. ಬಿಳಿಯದಕ್ಕೆ ಮೊದಲೇ ಹಿಂಡಿ ರಸ ಮಾತ್ರ ತೆಗೆಯುತ್ತಾರೆ. ಆಮೇಲೆ ಕೆಲವನ್ನು ಓಕ್ ಮರದ ಪೀಪಾಯಿಗಳಲ್ಲಿ ತಿಂಗಳುಗಟ್ಟಲೆ ಇಡುತ್ತಾರೆ. ಪೂಜೆಗೆ ಬಳಸುವ ದ್ರಾಕ್ಷಾರಸ ಶುದ್ಧ ದ್ರಾಕ್ಷಿಯದೇ ಆಗಿರಬೇಕು, ಕೆಟ್ಟಿರಬಾರದು ಎಂದು ಸಭೆಯ ನಿಯಮ ಹೇಳುತ್ತದೆ. ಗುರುಮಠದಲ್ಲಿ ನಾವು ಅದನ್ನು ಓದಿ ಪರೀಕ್ಷೆ ಬರೆದಿದ್ದೆವು. ಕೆಡದಂತೆ ಅದನ್ನು ಹೇಗೆ ಮಾಡುತ್ತಾರೆಂದು ಕಂಡದ್ದು ಐವತ್ತು ದಾಟಿದ ಮೇಲೆ.

ಇನ್ನು ರೋಗ. ದ್ರಾಕ್ಷಿಗೆ ಬೂಜು ರೋಗ ಮತ್ತು ಬೂದಿ ರೋಗ ಬಿಡದ ಶನಿ. ಮೈಲುತುತ್ತ ಮತ್ತು ಸುಣ್ಣ ಬೆರೆಸಿದ ಬೋರ್ಡೋ ದ್ರಾವಣ ನಮ್ಮ ಟೊಮೆಟೊ ಬೆಳೆಗಾರರಿಗೆ ಗೊತ್ತೇ ಇದೆ. ಅದು ಹುಟ್ಟಿದ್ದು ಫ್ರಾನ್ಸಿನ ಬೋರ್ಡೋ ಎಂಬ ದ್ರಾಕ್ಷಿ ಸೀಮೆಯಲ್ಲಿ. ದಾರಿಹೋಕರು ಹಣ್ಣು ಕದಿಯದಿರಲೆಂದು ರಸ್ತೆ ಬದಿಯ ಬಳ್ಳಿಗಳಿಗೆ ರೈತರು ಈ ನೀಲಿ ನೀರು ಬಳಿಯುತ್ತಿದ್ದರು. ಆ ಬಳ್ಳಿಗಳಿಗೆ ಮಾತ್ರ ಬೂಜು ಬರಲಿಲ್ಲವೆಂದು ಮಿಲಾರ್ಡೆ ಎಂಬ ವಿಜ್ಞಾನಿ ಗಮನಿಸಿ 1885ರಲ್ಲಿ ಪ್ರಕಟಿಸಿದರು. ಬೋರ್ಡೋ ಒಂದರಿಂದಲೇ ಈಗ ದ್ರಾಕ್ಷಿ ನಿಲ್ಲುವುದಿಲ್ಲ. ಬೇರೆ ಔಷಧಿಗಳನ್ನೂ ಮತ್ತೆ ಮತ್ತೆ ಹೊಡೆಯಬೇಕು. ಕೊನೆಯ ಸಿಂಪಡಣೆಗೂ ಕೊಯ್ಲಿಗೂ ನಡುವೆ ಡಬ್ಬಿಯ ಮೇಲೆ ಬರೆದಷ್ಟು ದಿನ ಬಿಡಲೇಬೇಕು. ಮೂಗು ಬಾಯಿ ಮುಚ್ಚದೆ ಗಾಳಿಗೆದುರಾಗಿ ಔಷಧಿ ಹೊಡೆದು, ಅದೇ ಕೈಯಲ್ಲಿ ಬೀಡಿ ಹಚ್ಚುವವರು ನಮ್ಮಲ್ಲಿದ್ದಾರೆ. ಅಂಥವರು ದ್ರಾಕ್ಷಿಯ ಹತ್ತಿರ ಸುಳಿಯದಿರುವುದೇ ಒಳ್ಳೆಯದು.

ನಮಗೆ ಮುಖ್ಯವಾಗಿ ತೋರಿದ್ದು ಬೇರೊಂದು. ವೈನ್ ದ್ರಾಕ್ಷಿಯನ್ನು ಸಂತೆಯಲ್ಲಿ ಯಾರೂ ಕೊಳ್ಳುವುದಿಲ್ಲ. ಕಾರ್ಖಾನೆ ಕೊಂಡರೆ ಉಂಟು, ಕೊಳ್ಳದಿದ್ದರೆ ಇಲ್ಲ. ಮಹಾರಾಷ್ಟ್ರದಲ್ಲಿ 2008-09ರ ಹಿನ್ನಡೆಯಲ್ಲಿ ವೈನ್ ಮಾರಾಟ ಬಿದ್ದಾಗ ಕಾರ್ಖಾನೆಗಳು ಹಣ್ಣು ಬೇಡವೆಂದವು, ರೈತರು ಬೆಳೆದ ಬಳ್ಳಿಗಳನ್ನೇ ಕಿತ್ತು ಹಾಕಿದರು. ಬೆಂಗಳೂರು ಬ್ಲೂ ಬೆಳೆದವನಿಗೆ ಬುಟ್ಟಿ ಹೊತ್ತು ಪೇಟೆಗೆ ಹೋಗುವ ದಾರಿಯಾದರೂ ಉಳಿದಿರುತ್ತದೆ. ಅದೂ ಯಾವಾಗಲೂ ಅಲ್ಲ. 2020ರ ಲಾಕ್‌ಡೌನ್‌ನಲ್ಲಿ ಚಿಕ್ಕಬಳ್ಳಾಪುರದ ಬೆಳೆಗಾರರು ಹಣ್ಣು ಸಾಗಿಸಲಾಗದೆ ಕಣ್ಣೀರಿಟ್ಟರು. ಕಂಬ, ತಂತಿ, ಹನಿ ನೀರಾವರಿಗೆ ಮೊದಲೇ ಹಣ ಸುರಿದು ಫಸಲಿಗೆ ಎರಡು ಮೂರು ವರ್ಷ ಕಾಯಬೇಕು. ಹೊಸೂರಿನ ಎತ್ತರ ಹೆಚ್ಚು ಕಡಿಮೆ ನಂದಿ ಸೀಮೆಯಷ್ಟೇ. ನಮ್ಮದು ಕಾವೇರಿ ಕಣಿವೆಯ ಕಡೆಗೆ ಇಳಿದ ಸೆಕೆಯ ಊರು, ಮೇಲೆ ಕಾಡುಹಂದಿ ಮತ್ತು ಆನೆಯ ಕಾಟ. ವೈನ್ ದ್ರಾಕ್ಷಿ ಇಲ್ಲಿ ಬೇಡವೆಂಬುದು ನಮ್ಮ ಅಭಿಪ್ರಾಯ. ಬಂದಿದ್ದ ರೈತರಲ್ಲಿ ಇಬ್ಬರು ಇದನ್ನು ಒಪ್ಪಲಿಲ್ಲ. ಅವರು ಕೃಷಿ ಇಲಾಖೆಯವರನ್ನು ಕೇಳುವುದಾಗಿ ಹೇಳಿದ್ದಾರೆ, ಕೇಳಲಿ.

ಕೊನೆಗೆ ರುಚಿ ನೋಡುವ ಕೋಣೆ. ಇಲ್ಲಿ ನಮ್ಮಿಂದಲೇ ಒಂದು ತಪ್ಪಾಯಿತು, ಅದನ್ನು ಮುಚ್ಚಿಡುವುದು ಸರಿಯಲ್ಲ.

ಬಸ್ಸಿನಲ್ಲಿ ಬರುವಾಗಲೇ ನಾವು ದೊಡ್ಡದಾಗಿ ಹೇಳಿದ್ದೆವು: ರುಚಿ ನೋಡುವುದು ಬೇರೆ, ಕುಡಿಯುವುದು ಬೇರೆ; ಒಂದು ಗುಟುಕಿಗೆ ಯಾರೂ ಹೆದರಬೇಕಿಲ್ಲ. ಕೋಣೆಯಲ್ಲಿ ಐದು ಬಗೆಯದನ್ನು ತಳಮಟ್ಟಕ್ಕೆ ಸುರಿದು ಕೊಟ್ಟರು. ಮೊದಲು ಬಣ್ಣ ನೋಡಬೇಕು, ಲೋಟ ತಿರುಗಿಸಿ ವಾಸನೆ ಹಿಡಿಯಬೇಕು, ಬಾಯಲ್ಲಿಟ್ಟು ಆಡಿಸಬೇಕು, ಬೇಡವಾದರೆ ಪಕ್ಕದ ಪಾತ್ರೆಗೆ ಉಗಿಯಬೇಕು. ಒಬ್ಬ ಅಜ್ಜಿ ವಾಸನೆ ನೋಡಿಯೇ "ಕಾಡು ನೇರಳೆ" ಎಂದರು. ಸುರಿಯುತ್ತಿದ್ದವರು ತಲೆಯಾಡಿಸಿ ಒಪ್ಪಿದರು. ಹಿರಿಯರು ಬಾಯಲ್ಲಿಟ್ಟವರೇ ಮುಖ ಕಿವುಚಿ, "ಮೂರು ದಿನದ ಮಜ್ಜಿಗೆ ವಾಸಿ" ಎಂದು ಉಗಿದರು. ಎಲ್ಲರೂ ನಕ್ಕರು.

ಆ ನಗುವಿನ ನಡುವೆ ನಮ್ಮವರೊಬ್ಬರು ಲೋಟವನ್ನು ತುಟಿಯ ತನಕ ಒಯ್ದಿದ್ದರು. ಕೆಲವು ತಿಂಗಳಿಂದ ಕುಡಿತ ಬಿಟ್ಟವರು. ಅವರ ಹೆಂಡತಿ ಆ ಕಡೆಯಿಂದ ಜನರನ್ನು ಸರಿಸಿಕೊಂಡು ಬಂದು, "ಬ್ಯಾಡಿ, ಬೆಳಿಗ್ಗೆ ಮಾತ್ರೆ ನುಂಗಿದ್ದೀರಿ" ಎಂದು ಕೈಯಿಂದ ಲೋಟ ತೆಗೆದು ಮೇಜಿನ ಮೇಲಿಟ್ಟರು. ಅವರು ನಮ್ಮ ಮುಖ ನೋಡಿ, "ಸ್ವಾಮಿಗಳೇ ಒಂದು ಗುಟುಕು ಪರವಾಗಿಲ್ಲ ಅಂದ್ರಲ್ಲ" ಎಂದರು. ನಮಗೆ ಮಾತು ಹೊರಡಲಿಲ್ಲ. ಇಬ್ಬರನ್ನೂ ಹೊರಗೆ ಕರೆದುಕೊಂಡು ಹೋಗಿ ಬಳ್ಳಿಯ ಸಾಲಿನ ಪಕ್ಕ ಕೂತೆವು. ಇದನ್ನು ಹೆಸರಿಲ್ಲದೆ ಬರೆಯಲು ಇಬ್ಬರೂ ಒಪ್ಪಿದ್ದಾರೆ.

ಊರಿಗೆ ಬಂದ ಮೇಲೆ ವೈದ್ಯರನ್ನು ಕೇಳಿದೆವು. ಆ ಮಾತ್ರೆ ಡೈಸಲ್ಫಿರಾಮ್. ಅದು ದೇಹದಲ್ಲಿರುವಾಗ ಮದ್ಯಸಾರ ಪೂರ್ತಿ ಕರಗದೆ ನಡುವೆಯೇ ವಿಷವಾಗಿ ನಿಲ್ಲುತ್ತದೆ. ಸ್ವಲ್ಪವೇ ಒಳಗೆ ಹೋದರೂ ಮುಖ ಕೆಂಪೇರಿ, ಎದೆ ಹೊಡೆದುಕೊಂಡು, ವಾಂತಿಯಾಗಿ, ರಕ್ತದೊತ್ತಡ ಕುಸಿಯಬಹುದು, ಜೀವಕ್ಕೂ ಅಪಾಯವಾಗಬಹುದು. ಮಾತ್ರೆ ನಿಲ್ಲಿಸಿದ ಮೇಲೂ ಎರಡು ವಾರದವರೆಗೆ ಈ ಗುಣ ಉಳಿದಿರಬಹುದು. ಮಾತ್ರೆ ಇಲ್ಲದೆ ಬಿಟ್ಟವರಿಗೂ ಮೊದಲ ಗುಟುಕೇ ಹಳೆಯ ದಾರಿಯ ಬಾಗಿಲು. ಪರಮಪ್ರಸಾದವನ್ನು ದ್ರಾಕ್ಷಾರಸದಲ್ಲಿ ಅದ್ದಿ ಕೊಡುವ ದಿನಗಳಲ್ಲಿ ಇಂಥವರು ಒಂದು ಮಾತು ತಿಳಿಸಿದರೆ ಅಪ್ಪವನ್ನು ಮಾತ್ರ ಕೊಡುತ್ತೇವೆ. ಅದರಲ್ಲಿ ಯಾವ ಕೊರತೆಯೂ ಇಲ್ಲ. ಕುಡಿತದ ಕಾಯಿಲೆಯಿಂದ ಎದ್ದ ಗುರುಗಳಿಗೇ ಧರ್ಮಾಧ್ಯಕ್ಷರ ಅನುಮತಿಯಿಂದ ಹುಳಿ ಬಾರದ ದ್ರಾಕ್ಷಿ ರಸದಲ್ಲಿ ಪೂಜೆ ಮಾಡಲು ಸಭೆ ಅವಕಾಶ ಕೊಟ್ಟಿದೆ. ಆದ್ದರಿಂದ ಹೇಳಿಕೊಳ್ಳಲು ನಾಚಿಕೆ ಬೇಡ.

"ವೈನ್ ಎದೆಗೆ ಒಳ್ಳೆಯದಂತೆ, ಸಂತ ಪೌಲರೇ ತಿಮೊಥೇಯನಿಗೆ ಹೇಳಿದ್ದಾರಲ್ಲ" ಎಂದು ವಾದಿಸುವವರು ಪ್ರತಿ ಊರಲ್ಲೂ ಇದ್ದಾರೆ. ಪೌಲರು ಹೇಳಿದ್ದು ಹೊಟ್ಟೆ ಕೆಟ್ಟ ಒಬ್ಬನಿಗೆ, ಸ್ವಲ್ಪ ಮಾತ್ರ, ಅದೂ ಔಷಧಿಗಳಿಲ್ಲದ ಕಾಲದಲ್ಲಿ. ಕೆಂಪು ವೈನ್ ಹೃದಯ ಕಾಯುತ್ತದೆಂಬ ಸುದ್ದಿ 1990ರ ದಶಕದಲ್ಲಿ ಬಹಳ ಹಬ್ಬಿತು. ಆಗಿನ ಅನೇಕ ಲೆಕ್ಕಗಳಲ್ಲಿ ಒಂದು ತಪ್ಪಿತ್ತು: ಕಾಯಿಲೆ ಬಿದ್ದು ಕುಡಿತ ಬಿಟ್ಟವರನ್ನೂ ಕುಡಿಯದವರ ಗುಂಪಿಗೇ ಸೇರಿಸಿದ್ದರು. ಹಾಗಾಗಿ ಕುಡಿಯದವರೇ ಹೆಚ್ಚು ರೋಗಿಗಳಂತೆ ಕಂಡರು. ಮದ್ಯಸಾರ ಕ್ಯಾನ್ಸರ್ ತರುತ್ತದೆಂದು ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ವಿಭಾಗ 1988ರಲ್ಲೇ ಹೇಳಿತ್ತು. ಇಷ್ಟು ಕುಡಿದರೆ ಅಪಾಯವಿಲ್ಲ ಎನ್ನುವ ಪ್ರಮಾಣವೇ ಇಲ್ಲವೆಂದು ಅದೇ ಸಂಸ್ಥೆ 2023ರಲ್ಲಿ ಸ್ಪಷ್ಟಪಡಿಸಿತು.

ಲೆಕ್ಕವನ್ನೂ ನೋಡಿ. ತಲಾ 30 ಮಿ.ಲೀ.ನಂತೆ ಐದು ಬಗೆ ವೈನನ್ನು ಪೂರ್ತಿ ನುಂಗಿದರೂ ಸುಮಾರು 15 ಗ್ರಾಂ ಮದ್ಯಸಾರ. ನಮ್ಮವರು ಸಂಜೆ ಮುಗಿಸುವ 180 ಮಿ.ಲೀ. ಕ್ವಾರ್ಟರ್ ಬ್ರಾಂದಿಯಲ್ಲಿ ಸುಮಾರು 60 ಗ್ರಾಂ. ಇಡೀ ಬಾಟಲಿ ವೈನ್ ಕುಡಿದವನ ಹೊಟ್ಟೆಯಲ್ಲಿ 75 ಗ್ರಾಂಗೂ ಹೆಚ್ಚು, ಎಂದರೆ ಕ್ವಾರ್ಟರಿಗಿಂತ ಜಾಸ್ತಿ. ಪಿತ್ತಜನಕಾಂಗ ಗಂಟೆಗೆ ಕರಗಿಸುವುದು 7ರಿಂದ 10 ಗ್ರಾಂ ಮಾತ್ರ. ರಾತ್ರಿ ಹತ್ತಕ್ಕೆ ಕ್ವಾರ್ಟರ್ ಮುಗಿಸಿ, ಬೆಳಿಗ್ಗೆ ನಾಲ್ಕಕ್ಕೆ ಹಾಲಿನ ಕ್ಯಾನು ಕಟ್ಟಿಕೊಂಡು ಗಾಡಿ ಹತ್ತುವವನ ಮೈಯಲ್ಲಿ ಅದು ಇನ್ನೂ ಇರುತ್ತದೆ.

ರಾಜಾಜಿಯವರು ಹುಟ್ಟಿದ್ದು ಹೊಸೂರಿನ ಹತ್ತಿರದ ತೊರಪಳ್ಳಿಯಲ್ಲಿ. ಅವರು ಮದರಾಸು ಪ್ರಾಂತ್ಯದಲ್ಲಿ ಪಾನನಿಷೇಧವನ್ನು ಮೊದಲು ತಂದದ್ದು 1937ರ ಅಕ್ಟೋಬರ್ 1ರಂದು ಸೇಲಂ ಜಿಲ್ಲೆಯಲ್ಲಿ. ನಮ್ಮ ಸೀಮೆ ಆಗ ಅದೇ ಜಿಲ್ಲೆಗೆ ಸೇರಿತ್ತು. ಅದೇ ರಾಜ್ಯದಲ್ಲಿ 2003ರಿಂದ ಮದ್ಯದ ಅಂಗಡಿ ನಡೆಸುತ್ತಿರುವುದು ಸರ್ಕಾರವೇ. ಕಾನೂನು ಹಾಕಿದರೂ ತೆಗೆದರೂ ಮನೆಯಲ್ಲಿ ಅಳುವವರು ಅಳುತ್ತಲೇ ಇದ್ದಾರೆ. ಕಳ್ಳಭಟ್ಟಿಯ ಮಾತಂತೂ ಬೇಡವೇ ಬೇಡ. 2024ರ ಜೂನ್‌ನಲ್ಲಿ ಕಳ್ಳಕುರಿಚಿಯಲ್ಲಿ ಮೆಥನಾಲ್ ಬೆರೆತ ಸಾರಾಯಿಗೆ 60ಕ್ಕೂ ಹೆಚ್ಚು ಜನ ಸತ್ತರು. ಅದು ಮೊದಲು ಹಾಳು ಮಾಡುವುದು ಕಣ್ಣಿನ ನರವನ್ನು. ಕುಡಿದವರಿಗೆ ಕಣ್ಣು ಮಂಜಾದರೆ ಬೆಳಗಾಗುವ ತನಕ ಕಾಯದೆ ಆಸ್ಪತ್ರೆಗೆ ಓಡಬೇಕು.

ಬಿಡಬೇಕೆಂದಿರುವವರಿಗೆ ಒಂದು ಎಚ್ಚರಿಕೆ. ವರ್ಷಗಟ್ಟಲೆ ದಿನವೂ ಕುಡಿದವರು ಹರಕೆ ಹೊತ್ತು ಒಂದೇ ಏಟಿಗೆ ನಿಲ್ಲಿಸಿದರೆ ಎರಡು ಮೂರನೆಯ ದಿನ ಮೈ ನಡುಗಿ, ಫಿಟ್ಸ್ ಬಂದು, ಇಲ್ಲದ್ದು ಕಣ್ಣಿಗೆ ಕಾಣತೊಡಗಬಹುದು. ಇದನ್ನು ದೆವ್ವ ಹಿಡಿಯಿತೆಂದು ನಮ್ಮ ಬಳಿ ನೀರು ಮಂತ್ರಿಸಲು ಕರೆತಂದವರಿದ್ದಾರೆ. ಪ್ರಾರ್ಥನೆ ನಾವು ಮಾಡುತ್ತೇವೆ; ಮೊದಲು ವೈದ್ಯರಲ್ಲಿಗೆ ಹೋಗಿ. ಕೇಂದ್ರ ಸರ್ಕಾರದ ಉಚಿತ ಸಹಾಯವಾಣಿ 14446. ಡೈಸಲ್ಫಿರಾಮನ್ನು ಕುಡಿಯುವವನಿಗೆ ತಿಳಿಯದಂತೆ ಸಾರಿನಲ್ಲಿ ಬೆರೆಸಿ ಕೊಡುವುದು ಕೊಲೆಗೆ ಸಮೀಪದ ಕೆಲಸ. ದಯವಿಟ್ಟು ಯಾರೂ ಮಾಡಬೇಡಿ.

ಮುಂದೊಮ್ಮೆ ಇಂಥ ಪ್ರವಾಸ ಹೋದರೆ ತೋಟ ನೋಡುತ್ತೇವೆ, ತೊಟ್ಟಿ ನೋಡುತ್ತೇವೆ. ಆ ಕೋಣೆಗೆ ಹೋಗುವ ಬದಲು ಎಲ್ಲರೂ ದ್ರಾಕ್ಷಿ ಹಣ್ಣು ಕೊಂಡು ತಿನ್ನುವುದೆಂದು ಹಿಂದಿರುಗುವಾಗ ಬಸ್ಸಿನಲ್ಲೇ ತೀರ್ಮಾನವಾಯಿತು. ನಂದಿ ಗ್ರಾಮದ ರಸ್ತೆ ಬದಿಯ ರೈತರೊಬ್ಬರು ಅದೇ ವಾರ ಬೆಂಗಳೂರು ಬ್ಲೂ ಚಪ್ಪರ ಸವರಿದ್ದರು. ಕೇಳಿದ್ದಕ್ಕೆ ಪೆನ್ಸಿಲ್ ದಪ್ಪದ, ನಾಲ್ಕು ಕಣ್ಣಿನ ಮೂರು ಕಡ್ಡಿ ಕೊಟ್ಟರು. ಎರಡು ಕಣ್ಣು ಮಣ್ಣಿನೊಳಗೆ, ಎರಡು ಮೇಲೆ ಇರುವಂತೆ ನೆಡಬೇಕು. ಬಚ್ಚಲ ನೀರು ನೇರವಾಗಿ ಬೀಳಬಾರದು. ಗುರುಗಳ ಮನೆಯ ಹಿಂದೆ ನೆಟ್ಟಿದ್ದೇವೆ. ಎರಡು ಚಿಗುರಿವೆ. ಮೂರನೆಯದನ್ನು ಉಪದೇಶಿಗಳ ಮನೆಯ ಮೇಕೆ ತಿಂದಿತು.